ಮಾಜಿ ಸೈನಿಕರ ಕುಟುಂಬದ ಕಾರ್ಡುಗಳ ನವೀಕರಣ: ಮೈಸೂರಿನಲ್ಲಿ ಕಂಡ ಸೇವೆ

ಮಾಜಿ ಸೈನಿಕರ ಮತ್ತು ಅವರ ಮನೆಯವರ ಗುರುತಿನ ಚೀಟಿಗಳನ್ನು ಹೊಸದು ಮಾಡಿಸಿಕೊಳ್ಳುವ ಕೆಲಸ ಈಗ ಬಹುಮಟ್ಟಿಗೆ ಆನ್‌ಲೈನ್ ಆಗಿದೆ. ಸೇನೆಯ ಸಿಗ್ನಲ್ಸ್ ವಿಭಾಗದಿಂದ ನಿವೃತ್ತನಾಗಿ ಮೈಸೂರಿನಲ್ಲಿ ನೆಲೆಸಿರುವ ನಾನು ಈಚೆಗೆ ನನ್ನ ಮತ್ತು ನನ್ನ ಪತ್ನಿಯ ಕಾರ್ಡುಗಳನ್ನು ಮಾಡಿಸಿದೆ. ಅದೇ ಸಮಯದಲ್ಲಿ ಪಾಂಡವಪುರ ತಾಲ್ಲೂಕಿನ ಹಳ್ಳಿಯಲ್ಲಿರುವ ಅತ್ತಿಗೆಯವರ ಕಾರ್ಡುಗಳ ಕೆಲಸವನ್ನೂ ಕೈಗೆತ್ತಿಕೊಂಡೆ. ನನ್ನಣ್ಣನೂ ಸೈನಿಕ, ಅವನು ತೀರಿಕೊಂಡ ಮೇಲೆ ಅತ್ತಿಗೆಯವರ ಬಳಿ ಉಳಿದಿದ್ದದ್ದು ಅವನ ಹೆಸರಿನ ಹಳೆಯ ಚೀಟಿಗಳು ಮಾತ್ರ. ನಮ್ಮ ಅರ್ಜಿಗಳು ಸಲೀಸಾಗಿ ಮುಗಿದವು, ಅತ್ತಿಗೆಯವರದು ಹೆಜ್ಜೆ ಹೆಜ್ಜೆಗೂ ನಿಂತಿತು. ಎರಡನ್ನೂ ಹತ್ತಿರದಿಂದ ನೋಡಿದ ಮೇಲೆ ನನ್ನ ಅಭಿಪ್ರಾಯ ಇಷ್ಟು: ದಾಖಲೆಗಳೆಲ್ಲ ಒಂದಕ್ಕೊಂದು ಹೊಂದಿಕೊಂಡವರಿಗೆ ಈ ಸೇವೆ ಬಹಳ ಚೆನ್ನಾಗಿದೆ, ಹೊಂದಿಕೊಳ್ಳದವರ ಕೈಯನ್ನು ಅದು ಅತ್ಯಂತ ಬೇಕಾದ ಹೊತ್ತಿನಲ್ಲೇ ಬಿಟ್ಟುಬಿಡುತ್ತದೆ, ಮತ್ತು ಹಾಗೆ ಸಿಕ್ಕಿಕೊಳ್ಳುವವರಲ್ಲಿ ಹೆಚ್ಚಿನವರು ಸೈನಿಕರ ವಿಧವೆಯರು.

ಮೊದಲು ಒಂದು ವಿಷಯವನ್ನು ಸ್ಪಷ್ಟಪಡಿಸಬೇಕು. ನಮ್ಮ ಕಡೆ ಎಲ್ಲವನ್ನೂ ಸೇರಿಸಿ ‘ಮಿಲಿಟರಿ ಕಾರ್ಡು’ ಎಂದುಬಿಡುತ್ತಾರೆ. ಆದರೆ ನಿವೃತ್ತರ ಮನೆಯಲ್ಲಿ ಇರಬೇಕಾದವು ಮೂರು ಬೇರೆ ಬೇರೆ ಕಾರ್ಡುಗಳು. ಮಾಜಿ ಸೈನಿಕ ಅಥವಾ ಮಾಜಿ ಸೈನಿಕರ ವಿಧವೆ ಎಂದು ದೃಢೀಕರಿಸುವ ಗುರುತಿನ ಚೀಟಿಯನ್ನು ರಾಜ್ಯದ ಸೈನಿಕ ಕಲ್ಯಾಣ ಮತ್ತು ಪುನರ್ವಸತಿ ಇಲಾಖೆ ಕೊಡುತ್ತದೆ. ಚಿಕಿತ್ಸೆಗೆ ಬೇಕಾದ ಇಸಿಎಚ್‌ಎಸ್ (ಮಾಜಿ ಸೈನಿಕರ ಆರೋಗ್ಯ ಯೋಜನೆ) ಕಾರ್ಡು ಕೇಂದ್ರದ ರಕ್ಷಣಾ ಸಚಿವಾಲಯದ ಯೋಜನೆಗೆ ಸೇರಿದ್ದು. ಸೇನೆಯ ಅಂಗಡಿಯಲ್ಲಿ ಸಾಮಾನು ಕೊಳ್ಳಲು ಬೇಕಾದ ಕ್ಯಾಂಟೀನ್ ಕಾರ್ಡು ಇವೆರಡಕ್ಕೂ ಸಂಬಂಧಿಸದ ಮೂರನೆಯದು. ಒಂದು ಕಡೆ ಅರ್ಜಿ ಕೊಟ್ಟರೆ ಮಿಕ್ಕ ಎರಡೂ ತಾವಾಗಿಯೇ ಹೊಸದಾಗುತ್ತವೆ ಎಂದು ಭಾವಿಸಿ ವರ್ಷಗಟ್ಟಲೆ ಸುಮ್ಮನಿದ್ದವರನ್ನು ನಾನು ಬಲ್ಲೆ. ಇನ್ನೂ ಸೇವೆಯಲ್ಲಿರುವವರ ಕಾರ್ಡೂ ಅವರ ಅವಲಂಬಿತರ ಕಾರ್ಡೂ ಅವರವರ ಯೂನಿಟ್‌ನಿಂದಲೇ ಬರುತ್ತವೆ. ಅದಕ್ಕಾಗಿ ಜಿಲ್ಲಾ ಕಚೇರಿಗೆ ಅಲೆದರೆ ಪ್ರಯೋಜನವಿಲ್ಲ.

ಇಲಾಖೆಯ ಗುರುತಿನ ಚೀಟಿಗೆ ಸೇವಾ ಸಿಂಧು ಪೋರ್ಟಲ್ ಮೂಲಕ ಅರ್ಜಿ ಹಾಕಬಹುದು. ಸೇವೆಯ ವಿವರಗಳಿರುವ ಡಿಸ್ಚಾರ್ಜ್ ಬುಕ್, ಪಿಪಿಓ (ಪಿಂಚಣಿ ಮಂಜೂರಾತಿಯ ಆದೇಶ), ಆಧಾರ್, ಬ್ಯಾಂಕ್ ಪಾಸ್‌ಬುಕ್ ಮತ್ತು ಹೊಸ ಫೋಟೊ ಸಿದ್ಧವಿದ್ದರೆ ಮನೆಯಲ್ಲಿ ಕುಳಿತೇ ಮುಗಿಸುವ ಕೆಲಸ ಅದು. ನನ್ನ ಹಳೆಯ ಚೀಟಿಯ ಫೋಟೊ ಗುರುತು ಸಿಗದಷ್ಟು ಮಾಸಿಹೋಗಿತ್ತು. ಮೂಲ ದಾಖಲೆಗಳನ್ನು ತೋರಿಸಲು ಹೋದಾಗ ಕಚೇರಿಯ ಸಿಬ್ಬಂದಿ ಡಿಸ್ಚಾರ್ಜ್ ಬುಕ್ಕಿನ ಪ್ರತಿ ಪುಟವನ್ನೂ ತಿರುವಿ ನೋಡಿದರು. ತಡವಾಗುತ್ತಿದೆ ಎಂದು ಗೊಣಗಿದವರೂ ಅಲ್ಲಿದ್ದರು. ನನಗೆ ಆ ನಿಧಾನ ಮೆಚ್ಚುಗೆಯಾಯಿತು. ಸರ್ಕಾರಿ ನೇಮಕಾತಿಯ ಮಾಜಿ ಸೈನಿಕ ಮೀಸಲಾತಿಯಿಂದ ಹಿಡಿದು ಮಕ್ಕಳ ವೃತ್ತಿಶಿಕ್ಷಣದ ಸೀಟಿನವರೆಗೆ ಈ ಚೀಟಿಯನ್ನು ಆಧಾರವಾಗಿ ತೋರಿಸುವ ಸಂದರ್ಭಗಳು ಹಲವಿರುವುದರಿಂದ, ಅದನ್ನು ಕೊಡುವವರು ಕಣ್ಣುಮುಚ್ಚಿ ಸಹಿ ಹಾಕಬಾರದು. ಕೆಲಸ ಮಾಡುವವರಲ್ಲಿ ಕೆಲವರು ತಾವೇ ಸೇನೆಯಲ್ಲಿದ್ದು ಬಂದವರಾದ್ದರಿಂದ ಟ್ರೇಡ್, ರೆಕಾರ್ಡ್ ಆಫೀಸ್, ಪಾರ್ಟ್ ಟೂ ಆರ್ಡರ್ ಎಂಬ ಸೇನೆಯ ಮಾತುಗಳನ್ನು ಬಿಡಿಸಿ ಹೇಳುವ ಅಗತ್ಯ ಬೀಳಲಿಲ್ಲ.

ಇಸಿಎಚ್‌ಎಸ್ ಕಾರ್ಡಿನ ಬಗ್ಗೆ ಹೆಚ್ಚು ಹೇಳಬೇಕು, ಏಕೆಂದರೆ ವಯಸ್ಸಾದವರ ಜೀವ ನಿಂತಿರುವುದು ಅದರ ಮೇಲೆ. 2003ರ ಏಪ್ರಿಲ್ 1ರಂದು ಆರಂಭವಾದ ಈ ಯೋಜನೆಯಲ್ಲಿ ಮೊದಲು 16 ಕೆ.ಬಿ. ಚಿಪ್‌ನ, ಆಮೇಲೆ 32 ಕೆ.ಬಿ.ಯ ಕಾರ್ಡುಗಳಿದ್ದವು, ಈಗ ಇರುವುದು 64 ಕೆ.ಬಿ.ಯದು. ಇದರಲ್ಲಿ ಮನೆಯ ಪ್ರತಿಯೊಬ್ಬ ಫಲಾನುಭವಿಗೂ ಪ್ರತ್ಯೇಕ ಕಾರ್ಡು. ಅರ್ಜಿ, ಫೋಟೊ, ಸಹಿ, ಶುಲ್ಕ ಎಲ್ಲವೂ ಆನ್‌ಲೈನ್. ಅರ್ಜಿ ಮಂಜೂರಾದ ಮೇಲೆ ತಾತ್ಕಾಲಿಕ ಸ್ಲಿಪ್ಪನ್ನು ಮುದ್ರಿಸಿಕೊಳ್ಳಬಹುದು, ಕಾರ್ಡು ಕೈಸೇರುವವರೆಗೆ ಚಿಕಿತ್ಸೆಗೆ ಅದನ್ನೇ ಬಳಸಬಹುದು. ಈ ಏರ್ಪಾಡು ಮಾಡಿದವರಿಗೆ ಕೃತಜ್ಞತೆ ಹೇಳಲೇಬೇಕು. ನನ್ನ ಪತ್ನಿಯ ಸಕ್ಕರೆ ಕಾಯಿಲೆಯ ಮಾತ್ರೆಗಳು ಒಂದು ತಿಂಗಳೂ ತಪ್ಪದಂತೆ ನೋಡಿಕೊಂಡದ್ದು ಆ ಸ್ಲಿಪ್ಪೇ. ಕಾರ್ಡು ಬಂದ ಮೇಲೆ ಮೈಸೂರಿನಲ್ಲಿರುವ ಈ ಯೋಜನೆಯ ಚಿಕಿತ್ಸಾಲಯವಾದ ಪಾಲಿಕ್ಲಿನಿಕ್‌ಗೆ ಹೋಗಿ ಬೆರಳಚ್ಚು ಕೊಟ್ಟು ಚಾಲೂ ಮಾಡಿಸಿಕೊಂಡೆವು. ಬೆಳಗಿನ ಹೊತ್ತು ಔಷಧಿ ಪಡೆಯುವವರ ಸಾಲು ಉದ್ದವಾಗಿರುವುದರಿಂದ ಕಾರ್ಡಿನ ಕೆಲಸಕ್ಕಾಗಿ ಮಾತ್ರ ಹೋಗುವವರು ಜನ ಕಡಿಮೆಯಾದ ಮೇಲೆ ಹೋಗುವುದು ಒಳ್ಳೆಯದು.

ಅವಲಂಬಿತರ ನಿಯಮಗಳನ್ನು ಅರ್ಜಿಗೆ ಮುನ್ನವೇ ತಿಳಿದುಕೊಂಡಿರಬೇಕು. ಮಗನಾದರೆ 25 ವರ್ಷ ತುಂಬುವವರೆಗೆ, ಅಥವಾ ಅದಕ್ಕೂ ಮೊದಲೇ ಸಂಪಾದನೆಗೆ ತೊಡಗಿದರೆ ಇಲ್ಲವೇ ಮದುವೆಯಾದರೆ ಅಲ್ಲಿಯವರೆಗೆ ಮಾತ್ರ. ಮಗಳಿಗೆ ವಯಸ್ಸಿನ ಮಿತಿಯಿಲ್ಲ. ಕೆಲಸ ಸಿಗುವವರೆಗೆ ಅಥವಾ ಮದುವೆಯಾಗುವವರೆಗೆ ಅವಳು ಅವಲಂಬಿತಳೇ. ತಂದೆತಾಯಿಯರ ತಿಂಗಳ ವರಮಾನ 9,000 ರೂಪಾಯಿ ಮತ್ತು ಅದರ ಮೇಲಿನ ತುಟ್ಟಿಭತ್ಯೆಯನ್ನು ಮೀರಿರಬಾರದು. ನಮ್ಮ ಮಗನಿಗೆ ಕೆಲಸ ಸಿಕ್ಕಿರುವುದರಿಂದ ಅವನ ಹೆಸರನ್ನು ಪಟ್ಟಿಯಿಂದ ತೆಗೆಸಿದೆವು. ಇದನ್ನು ಮುಚ್ಚಿಟ್ಟು ಕಾರ್ಡು ಬಳಸುವವರಿದ್ದಾರೆಂದು ಕೇಳಿದಾಗ ಬೇಸರವಾಗುತ್ತದೆ. ಆ ಹಣ ಬೇರೊಬ್ಬ ಸೈನಿಕನ ಚಿಕಿತ್ಸೆಗೆ ಸೇರಬೇಕಾದದ್ದು.

ಇನ್ನು ಅತ್ತಿಗೆಯವರ ವಿಷಯ. ಅಣ್ಣ ಮದುವೆಯಾದ ಕಾಲದಲ್ಲಿ ಯೂನಿಟ್‌ನ ಗುಮಾಸ್ತರು ಪತ್ನಿಯ ಹೆಸರನ್ನು ಇಂಗ್ಲಿಷಿನಲ್ಲಿ ತಮಗೆ ಕೇಳಿಸಿದಂತೆ ಬರೆದುಕೊಂಡಿದ್ದರು. ಕೊನೆಯ ‘ಅಮ್ಮ’ ಅದರಲ್ಲಿ ಬಿಟ್ಟುಹೋಗಿತ್ತು. ಆಧಾರ್‌ನಲ್ಲಿ ‘ಅಮ್ಮ’ ಇದೆ, ಜೊತೆಗೆ ಒಂದು ಇನಿಷಿಯಲ್ ಕೂಡ ಇದೆ. ಹುಟ್ಟಿದ ದಿನಾಂಕ ಸೇನೆಯ ದಾಖಲೆಯಲ್ಲಿ ಒಂದು, ಆಧಾರ್‌ನಲ್ಲಿ ಜನವರಿ 1. ಮಂಡ್ಯ ಸೀಮೆಯ ಆ ತಲೆಮಾರಿನ ಹೆಣ್ಣುಮಕ್ಕಳಲ್ಲಿ ಇದು ಅಪರೂಪವೇನಲ್ಲ. ಜನನ ಪತ್ರವಿಲ್ಲ, ಶಾಲೆಯ ದಾಖಲೆಯಿಲ್ಲ, ತವರಿನಲ್ಲಿ ಒಂದು ಹೆಸರು, ಗಂಡನ ಮನೆಯಲ್ಲಿ ಇನ್ನೊಂದು. ಗೌಡ ಎಂಬುದನ್ನು ಇಂಗ್ಲಿಷಿನಲ್ಲಿ ಎರಡು ಬಗೆಯಲ್ಲಿ, ಲಕ್ಷ್ಮಿಯನ್ನು ಮೂರು ಬಗೆಯಲ್ಲಿ ಬರೆಯುತ್ತಾರೆ. ಗಂಡ ಬದುಕಿರುವವರೆಗೆ ಇದಾವುದೂ ಅಡ್ಡ ಬರುವುದಿಲ್ಲ, ಏಕೆಂದರೆ ಎಲ್ಲವೂ ಅವನ ಹೆಸರಿನಲ್ಲೇ ನಡೆಯುತ್ತದೆ. ಅವನು ಹೋದ ಮರುದಿನದಿಂದ ಪ್ರತಿಯೊಂದು ಅಕ್ಷರವೂ ಎದ್ದು ನಿಲ್ಲುತ್ತದೆ. “ನೋಡಪ್ಪ, ನಿಮ್ಮಣ್ಣ ಇದ್ದಾಗ ನಾನು ಒಂದು ಕಾಗದಾನೂ ಮುಟ್ಟಿದವಳಲ್ಲ. ಈಗ ನನ್ನ ಹೆಸರೇ ನನ್ನದಲ್ಲ ಅಂತಾರಲ್ಲ” ಎಂದು ಅತ್ತಿಗೆ ಹೇಳಿದಾಗ ನನ್ನಲ್ಲಿ ಉತ್ತರವಿರಲಿಲ್ಲ.

ನನ್ನ ಮುಖ್ಯ ದೂರು ಇರುವುದು ಇಲ್ಲಿಯೇ. ಅರ್ಜಿಯ ನಮೂನೆ ಎಲ್ಲ ದಾಖಲೆಗಳನ್ನೂ ಸ್ವೀಕರಿಸಿತು, ಶುಲ್ಕವನ್ನೂ ಪಡೆಯಿತು. ಹೆಸರು ಹೊಂದುವುದಿಲ್ಲವೆಂಬ ಆಕ್ಷೇಪ ಬಂದದ್ದು ಪರಿಶೀಲನೆಯ ಕೊನೆಯ ಹಂತದಲ್ಲಿ, ಅದೂ ಇಂಗ್ಲಿಷಿನ ಒಂದೇ ಸಾಲಿನಲ್ಲಿ. ಯಾವ ದಾಖಲೆಯನ್ನು ಯಾವುದಕ್ಕೆ ಹೊಂದಿಸಬೇಕು, ಮೊದಲು ಎಲ್ಲಿಗೆ ಬರೆಯಬೇಕು ಎಂಬ ಮಾಹಿತಿ ಅದರಲ್ಲಿರಲಿಲ್ಲ. ಹೆಸರುಗಳನ್ನು ಮೊದಲ ಪುಟದಲ್ಲೇ ಹೋಲಿಸಿ ವ್ಯತ್ಯಾಸವನ್ನು ತೋರಿಸಿದ್ದರೆ ಮುಂದಿನ ಅಲೆದಾಟವೇ ಇರುತ್ತಿರಲಿಲ್ಲ. ಇದಕ್ಕೆ ಹಣದ ಕೊರತೆ ಅಡ್ಡಿಯಾಗುವಂತಿಲ್ಲ. ಅರ್ಜಿದಾರರು ಯಾರೆಂದು ಯೋಚಿಸಿ ನಮೂನೆಯನ್ನು ರೂಪಿಸಿದ್ದರೆ ಸಾಕಾಗಿತ್ತು.

ತಿದ್ದುಪಡಿಯ ದಾರಿ ಹೀಗಿದೆ. ಸೈನಿಕನ ಮದುವೆ, ಪತ್ನಿಯ ಹೆಸರು, ಮಕ್ಕಳ ಜನನ ಇವೆಲ್ಲ ಪಾರ್ಟ್ ಟೂ ಆರ್ಡರ್ ಎಂಬ ಸೇನಾ ದಾಖಲೆಯಲ್ಲಿ ಸೇರಿರುತ್ತವೆ. ಅದರಲ್ಲಿ ದೋಷವಿದ್ದರೆ ಸರಿಪಡಿಸಬೇಕಾದದ್ದು ಸೈನಿಕರ ದಾಖಲೆಗಳನ್ನು ಇಟ್ಟುಕೊಳ್ಳುವ ಆಯಾ ದಳದ ರೆಕಾರ್ಡ್ ಆಫೀಸ್. ಮದ್ರಾಸ್ ಎಂಜಿನಿಯರ್ ಗ್ರೂಪ್‌ನವರಿಗೆ ಅದು ಬೆಂಗಳೂರಿನಲ್ಲಿದೆ, ಮದ್ರಾಸ್ ರೆಜಿಮೆಂಟ್‌ನವರಿಗೆ ವೆಲಿಂಗ್ಟನ್‌ನಲ್ಲಿ, ಫಿರಂಗಿ ದಳದವರಿಗೆ ನಾಸಿಕ್‌ನಲ್ಲಿ, ನಮ್ಮ ಸಿಗ್ನಲ್ಸ್‌ನವರಿಗೆ ಜಬಲ್‌ಪುರದಲ್ಲಿ. ನೌಕಾಪಡೆಯ ನಾವಿಕರು ಮುಂಬೈಗೂ ವಾಯುಪಡೆಯವರು ದೆಹಲಿಗೂ ಬರೆಯಬೇಕು. ಅಫಿಡವಿಟ್, ಆಧಾರ್, ಪಾನ್, ಪತಿಯ ಮರಣ ಪ್ರಮಾಣಪತ್ರ ಮತ್ತು ಪಿಪಿಓ ಪ್ರತಿಗಳೊಂದಿಗೆ ಕಳುಹಿಸಿದ ಅರ್ಜಿಗೆ ಉತ್ತರ ಬರುವವರೆಗೆ ತಾಳ್ಮೆ ಬೇಕು. ಕುಟುಂಬ ಪಿಂಚಣಿ ‘ಸ್ಪರ್ಶ್’ ಎಂಬ ಆನ್‌ಲೈನ್ ಪಿಂಚಣಿ ವ್ಯವಸ್ಥೆಗೆ ಬಂದಿದ್ದರೆ ಅಲ್ಲಿನ ಹೆಸರನ್ನೂ ಜೊತೆಯಲ್ಲೇ ನೋಡಿಕೊಳ್ಳಬೇಕು; ಅದನ್ನು ನಿರ್ವಹಿಸುವುದು ಪ್ರಯಾಗ್‌ರಾಜ್‌ನಲ್ಲಿರುವ ರಕ್ಷಣಾ ಪಿಂಚಣಿ ಲೆಕ್ಕ ಕಚೇರಿ. ಪಾಂಡವಪುರದ ಹಳ್ಳಿಯೊಂದರ ಹೆಣ್ಣುಮಗಳು ತನ್ನ ಹೆಸರಿನ ಎರಡಕ್ಷರಕ್ಕಾಗಿ ಇಷ್ಟು ಊರುಗಳ ವಿಳಾಸ ತಿಳಿದಿರಬೇಕು ಎಂದು ನಿರೀಕ್ಷಿಸುವುದು ನ್ಯಾಯವಲ್ಲ. ಈ ಹಂತದಲ್ಲಿ ನಮಗೆ ನಿಜವಾಗಿ ನೆರವಾದದ್ದು ಸೈನಿಕ ಕಲ್ಯಾಣ ಕಚೇರಿಯ ಸಿಬ್ಬಂದಿ. “ಅಮ್ಮ, ನೀವು ಕೂತ್ಕೊಳ್ಳಿ, ಪತ್ರ ನಾವು ಬರೀತೀವಿ” ಎಂದು ರೆಕಾರ್ಡ್ ಆಫೀಸಿಗೆ ಕಳುಹಿಸಬೇಕಾದ ಪತ್ರವನ್ನು ಅವರೇ ಸಿದ್ಧಪಡಿಸಿ, ಅದನ್ನು ಅತ್ತಿಗೆಯವರಿಗೆ ಕನ್ನಡದಲ್ಲಿ ಓದಿ ಹೇಳಿದ ಮೇಲೆಯೇ ಸಹಿ ಪಡೆದರು. ಇದು ಯಾವ ನಿಯಮದಲ್ಲಿದೆಯೋ ಇಲ್ಲವೋ, ನನ್ನ ಪಾಲಿಗೆ ಇಡೀ ಸೇವೆಯ ಅತ್ಯುತ್ತಮ ಭಾಗ ಅದೇ.

ಬೆರಳಚ್ಚಿನ ತೊಂದರೆಯೂ ಎದುರಾಯಿತು. ಕಬ್ಬು ಸವರಿ, ಭತ್ತದ ನಾಟಿ ಹಾಕಿ ಸವೆದ ಕೈಗಳ ರೇಖೆಗಳು ಯಂತ್ರಕ್ಕೆ ಬೇಗ ಸಿಗುವುದಿಲ್ಲ. ಪಿಂಚಣಿಯ ಜೀವಿತ ಪ್ರಮಾಣಪತ್ರಕ್ಕೆ ಮುಖ ಗುರುತಿಸುವ ವಿಧಾನ 2021ರ ನವೆಂಬರಿನಲ್ಲೇ ಬಂದಿರುವುದರಿಂದ ಆ ಕೆಲಸ ಮೊಬೈಲಿನಲ್ಲೇ ಮುಗಿಯಿತು. ಕಾರ್ಡು ಚಾಲೂ ಮಾಡಿಸುವಾಗ ಮಾತ್ರ ಒಂದೊಂದೇ ಬೆರಳನ್ನು ಒರೆಸಿ ಮತ್ತೆ ಮತ್ತೆ ಒತ್ತಬೇಕಾಯಿತು. ಅಲ್ಲಿನ ಹುಡುಗಿ ಸಿಡುಕದೆ ಕೊನೆಯವರೆಗೂ ಪ್ರಯತ್ನಿಸಿದಳು.

ಖಾಸಗಿ ಆನ್‌ಲೈನ್ ಕೇಂದ್ರಗಳ ವಿಷಯದಲ್ಲಿ ಎಚ್ಚರಿಕೆಯ ಮಾತೊಂದನ್ನು ಹೇಳಲೇಬೇಕು. ಅತ್ತಿಗೆಯವರು ನನಗೆ ತಿಳಿಸುವ ಮೊದಲೇ ಊರಿನವರ ಮಾತು ಕೇಳಿ ಅಂಥ ಒಂದು ಕಡೆ ಅರ್ಜಿ ತುಂಬಿಸಿದ್ದರು. ಅಲ್ಲಿ ಪಿಪಿಓ ಸಂಖ್ಯೆಯ ಅಂಕಿಯೊಂದು ತಪ್ಪಾಗಿತ್ತು. ಕೇಳಿದರೆ “ಒಂದು ಅಂಕಿ ತಾನೆ, ಆಫೀಸ್‌ನವರು ಸರಿ ಮಾಡ್ಕೋತಾರೆ ಬಿಡಿ ಅಂಕಲ್” ಎಂಬ ಉತ್ತರ ಬಂತು. ಅದಕ್ಕಿಂತ ಹೆಚ್ಚು ಕಳವಳ ತಂದದ್ದು, ಕಾರ್ಡಿನ ಎರಡೂ ಬದಿಯ ಚಿತ್ರಗಳು ಆ ಅಂಗಡಿಯ ವಾಟ್ಸ್‌ಆ್ಯಪ್‌ನಲ್ಲಿ ಹಾಗೆಯೇ ಉಳಿದಿದ್ದವು. ಸೈನಿಕರ ಗುರುತಿನ ಚೀಟಿಯ ಚಿತ್ರ ತೋರಿಸಿ ನಂಬಿಸಿ, ವಾಹನ ಮತ್ತು ಪೀಠೋಪಕರಣ ಮಾರುವ ನೆಪದಲ್ಲಿ ಜನರಿಂದ ಹಣ ಕೀಳುವ ಮೋಸ ದೇಶದೆಲ್ಲೆಡೆ ನಡೆಯುತ್ತಿರುವಾಗ ಇದು ಸಣ್ಣ ವಿಷಯವಲ್ಲ. ನಾನು ಎದುರಿಗೆ ನಿಂತು ಅಳಿಸಿಸಿದೆ. ಮನೆಯಲ್ಲಿ ಕಂಪ್ಯೂಟರ್ ಬಲ್ಲ ಮಕ್ಕಳಿದ್ದರೆ ಅವರಿಂದಲೇ ಮಾಡಿಸಿ; ಇಲ್ಲದಿದ್ದರೆ ರಸೀತಿ ಕೊಡುವ ಗ್ರಾಮ ಒನ್ ಅಥವಾ ಕರ್ನಾಟಕ ಒನ್ ಕೇಂದ್ರಗಳಲ್ಲಿ ಸೇವಾ ಸಿಂಧು ಅರ್ಜಿಗಳನ್ನು ಹಾಕಿಸಬಹುದು. ಅರ್ಜಿ ಕಳುಹಿಸುವ ಮುನ್ನ ಹೆಸರು ಮತ್ತು ಸಂಖ್ಯೆಗಳನ್ನು ಮೂಲ ಕಾಗದದ ಜೊತೆ ನೀವೇ ಓದಿ ನೋಡಿ.

ಕ್ಯಾಂಟೀನ್ ಕಾರ್ಡಿನ ಬಗ್ಗೆ ಹೆಚ್ಚು ಹೇಳುವುದೇನಿಲ್ಲ. ನನ್ನದು ತೊಂದರೆಯಿಲ್ಲದೆ ಬಂತು. ದಿನಸಿಗೆ ಅದು ಅನುಕೂಲ.

ಸುಧಾರಣೆಯ ಬಗ್ಗೆ ನನ್ನದೊಂದು ಬೇಡಿಕೆಯಿದೆ. ಸೇನೆಯವರು ಆಗಾಗ ನಡೆಸುವ ಮಾಜಿ ಸೈನಿಕರ ಸಮಾವೇಶಗಳಲ್ಲಿ ಪಿಂಚಣಿ, ಇಸಿಎಚ್‌ಎಸ್, ರೆಕಾರ್ಡ್ ಆಫೀಸ್‌ಗಳ ಪ್ರತಿನಿಧಿಗಳು ಒಂದೇ ಚಪ್ಪರದಡಿ ಕುಳಿತು ಅರ್ಜಿಗಳನ್ನು ನೋಡುತ್ತಾರೆ. ಅದೇ ಮಾದರಿಯನ್ನು ತಾಲ್ಲೂಕು ಕೇಂದ್ರಗಳಿಗೆ ತರಬೇಕು: ಪಾಂಡವಪುರ, ಮಳವಳ್ಳಿ, ನಾಗಮಂಗಲ, ಪಿರಿಯಾಪಟ್ಟಣ, ಎಚ್.ಡಿ. ಕೋಟೆಯಂಥ ಕಡೆ ವರ್ಷಕ್ಕೊಮ್ಮೆಯಾದರೂ, ಹೆಸರಿನ ತಿದ್ದುಪಡಿಯೊಂದನ್ನೇ ಮುಂದಿಟ್ಟುಕೊಂಡು. ಶಕ್ತಿ ಯೋಜನೆಯಿಂದ ಮೈಸೂರಿನವರೆಗಿನ ಬಸ್ ಪ್ರಯಾಣ ಹೆಣ್ಣುಮಕ್ಕಳಿಗೆ ಉಚಿತವಾಗಿದೆ, ನಿಜ. ಆದರೆ ಎಪ್ಪತ್ತು ದಾಟಿದವರ ಮಂಡಿನೋವಿಗೆ ಉಚಿತ ಟಿಕೆಟ್ ಪರಿಹಾರವಲ್ಲ.

ಇನ್ನೂ ಗಂಡಹೆಂಡಿರಿಬ್ಬರೂ ಜೊತೆಯಲ್ಲಿರುವ ಮಾಜಿ ಸೈನಿಕರ ಮನೆಗಳಲ್ಲಿ ಪಿಪಿಓ ತೆಗೆದು ಪತ್ನಿಯ ಹೆಸರು ಮತ್ತು ಹುಟ್ಟಿದ ದಿನಾಂಕವನ್ನು ಆಧಾರ್ ಜೊತೆ ಈ ವಾರವೇ ಹೋಲಿಸಿ ನೋಡಬೇಕೆಂದು ಕೇಳಿಕೊಳ್ಳುತ್ತೇನೆ. ವ್ಯತ್ಯಾಸ ಕಂಡರೆ ತಡಮಾಡದೆ ರೆಕಾರ್ಡ್ ಆಫೀಸಿಗೆ ಬರೆಯಿರಿ. ಸೈನಿಕನೇ ಸಹಿ ಹಾಕಿ ಕಳುಹಿಸುವ ಅರ್ಜಿಗೆ ಬೇಕಾಗುವ ಪುರಾವೆಗಳು ಕಡಿಮೆ. ಅತ್ತಿಗೆಯವರ ಹೆಸರು ಈಗ ಸರಿಯಾಗಿದೆ, ಇಸಿಎಚ್‌ಎಸ್ ಕಾರ್ಡು ಕೈಸೇರಿದೆ, ಕಣ್ಣಿನ ಪೊರೆಯ ಶಸ್ತ್ರಚಿಕಿತ್ಸೆಗೆ ರೆಫರಲ್ ಕೂಡ ಸಿಕ್ಕಿದೆ. ಅವರ ಕ್ಯಾಂಟೀನ್ ಕಾರ್ಡಿನ ಅರ್ಜಿ ಇನ್ನೂ ಪರಿಶೀಲನೆಯಲ್ಲಿದೆ.