ಹೈವೇ 1 ಹಿಡಿಯೋದಾ, 101 ಹಿಡಿಯೋದಾ?

ಸ್ಯಾನ್ ಫ್ರಾನ್ಸಿಸ್ಕೋದಿಂದ ಲಾಸ್ ಏಂಜಲೀಸ್‌ಗೆ ಒಂದೇ ದಿನದಲ್ಲಿ ತಲುಪಬೇಕಾ? ಸುಮ್ನೆ 101 ಹಿಡಿಯಿರಿ. ಸಲೀನಾಸ್ ಕಣಿವೆಯ ಹೊಲಗಳ ನಡುವೆ ಅಗಲವಾದ ರಸ್ತೆ, ದಾರಿಯುದ್ದಕ್ಕೂ ಊರುಗಳು. ಸ್ಪೇನ್ ಪಾದ್ರಿಗಳ ಹಳೇ ಮಿಷನ್‌ಗಳನ್ನು ಕೂಡಿಸುವ ದಾರಿ ಇದು. ಪಕ್ಕದಲ್ಲಿ ಕೊಕ್ಕೆಯಂಥ ಕಂಬಕ್ಕೆ ತೂಗುಹಾಕಿದ ಗಂಟೆಗಳೇ ಅದರ ಗುರುತು.

ಎರಡು ದಿನ ಇದೆಯಾ? ಹಾಗಾದರೆ ಯೋಚನೆಯೇ ಬೇಡ, ಹೈವೇ 1. ಕಾರ್ಮೆಲ್ ಊರು ದಾಟಿದರೆ ಬಿಗ್ ಸರ್ ಎಂಬ ಕರಾವಳಿ. ಒಂದು ಕಡೆ ಬೆಟ್ಟ, ಇನ್ನೊಂದು ಕಡೆ ಪೆಸಿಫಿಕ್. ಕೈದಿಗಳನ್ನೂ ದುಡಿಸಿ, ಬೆಟ್ಟ ಕಡಿದು ಮಾಡಿದ ಈ ರಸ್ತೆ ಸ್ಯಾನ್ ಸಿಮಿಯನ್‌ವರೆಗೆ ತೆರೆದದ್ದು 1937ರಲ್ಲಿ. ಒಂದೇ ಕಮಾನಿನ ಬಿಕ್ಸ್‌ಬಿ ಸೇತುವೆ ಮಾತ್ರ 1932ರಲ್ಲೇ ಮುಗಿದಿತ್ತು. ಕಣಿವೆಯ ಆಳದಿಂದ ಎದ್ದ ಆ ಕಾಂಕ್ರೀಟ್ ಕಮಾನನ್ನು ನಿಂತು ನೋಡಿ, ಕಣ್ಣು ಕೀಳಲು ಆಗುವುದಿಲ್ಲ. ಉತ್ತರದಿಂದ ದಕ್ಷಿಣಕ್ಕೇ ಹೋಗಿ. ಕಡಲು ನಿಮ್ಮ ಲೇನ್ ಪಕ್ಕದಲ್ಲೇ ಇರುತ್ತದೆ, ನಿಲ್ಲಿಸುವುದೂ ಸುಲಭ.

ಬೆಟ್ಟ ಕಡಿದ ರಸ್ತೆ ಅಲ್ವಾ, ಕುಸಿತ ಜಾಸ್ತಿ. 2017ರ ಮೇನಲ್ಲಿ ಮಡ್ ಕ್ರೀಕ್ ಬಳಿ ಗುಡ್ಡ ಜಾರಿತು. ರಸ್ತೆ ಮತ್ತೆ ತೆರೆದದ್ದು 2018ರ ಜುಲೈನಲ್ಲಿ. ಹೊರಡುವ ದಿನ ಕ್ಯಾಲ್‌ಟ್ರಾನ್ಸ್ (ಕ್ಯಾಲಿಫೋರ್ನಿಯಾ ಸಾರಿಗೆ ಇಲಾಖೆ) ಮ್ಯಾಪ್‌ನಲ್ಲಿ ರಸ್ತೆ ತೆರೆದಿದೆಯಾ ನೋಡಿಕೊಳ್ಳಿ. ಬಿಗ್ ಸರ್‌ನಲ್ಲಿ ಬಹಳ ಕಡೆ ಮೊಬೈಲ್ ಸಿಗ್ನಲ್ ಇರುವುದಿಲ್ಲ, ಟ್ಯಾಂಕ್ ಕೂಡ ಮೊದಲೇ ತುಂಬಿಸಿ.