ಡಿಸಿಸಿ ಬ್ಯಾಂಕ್ ನೇಮಕಾತಿಗೆ ತಕರಾರು: ಯಾವ ದಾರಿ ಯಾವುದಕ್ಕೆ?

ಜಿಲ್ಲಾ ಸಹಕಾರ ಕೇಂದ್ರ ಬ್ಯಾಂಕಿನ ಆಯ್ಕೆ ಪಟ್ಟಿಯಲ್ಲಿ ಹೆಸರು ಬಾರದವರಿಗೆ ಮೂರು ದಾರಿಗಳಿವೆ: ಸಹಕಾರ ಇಲಾಖೆಗೆ ದೂರು, ಕಲಂ 70ರ ದಾವೆ, ಹೈಕೋರ್ಟಿನಲ್ಲಿ ರಿಟ್ (ಸರ್ಕಾರ ಅಥವಾ ಪ್ರಾಧಿಕಾರದ ಕ್ರಮವನ್ನು ನೇರವಾಗಿ ಪ್ರಶ್ನಿಸುವ ಅರ್ಜಿ). ಯಾವುದು ಯಾವುದಕ್ಕೆ ಎಂದು ತಿಳಿಯದೆ ವರ್ಷಗಟ್ಟಲೆ ಅಲೆಯುವವರು ಕಡಿಮೆಯಿಲ್ಲ.

ಹೆಚ್ಚು ಗೊಂದಲ ಇರುವುದು ಕಲಂ 70ರಲ್ಲಿ. ಕರ್ನಾಟಕ ಸಹಕಾರ ಸಂಘಗಳ ಕಾಯ್ದೆ, 1959ರ ಈ ಕಲಂ ಸಂಘಕ್ಕೂ ಅದರ ನೌಕರರಿಗೂ ನಡುವಿನ ವಿವಾದವನ್ನು ಸಹಕಾರ ಸಂಘಗಳ ನಿಬಂಧಕರ (ರಿಜಿಸ್ಟ್ರಾರ್) ಮುಂದೆ ತರುತ್ತದೆ. ಸೇವಾ ಷರತ್ತು, ಶಿಸ್ತುಕ್ರಮ ಎಲ್ಲ ಇದರೊಳಗೆ ಬರುತ್ತವೆ. ಕೆಲಸದಿಂದ ತೆಗೆದ ಗುಮಾಸ್ತರಿಗೆ ಇದೇ ಸರಿಯಾದ ಜಾಗ. ಇಲ್ಲಿ ಸೋತರೆ ಕಲಂ 105ರಡಿ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬಹುದು. ಆದರೆ ಹೊರಗಿನ ಅಭ್ಯರ್ಥಿ ಇನ್ನೂ ನೌಕರನೇ ಆಗಿಲ್ಲವಲ್ಲ! ಬ್ಯಾಂಕಿನ ವಕೀಲರು ಎತ್ತುವ ಮೊದಲ ಆಕ್ಷೇಪಣೆಯೇ ಅದು. ನನ್ನ ಲೆಕ್ಕದಲ್ಲಿ ಒಳಗಿನವರಿಗೆ ಈ ದಾರಿಗೆ ಹತ್ತಕ್ಕೆ ಏಳು ಅಂಕ, ಹೊರಗಿನವರಿಗೆ ಎರಡು.

ಹಾಗಾಗಿ ಅಭ್ಯರ್ಥಿಗಳು ಕೊನೆಗೆ ಸೇರುವುದು ಹೈಕೋರ್ಟ್. ಅಲ್ಲಿ ಎದುರಾಗುವುದು ಎಸ್.ಎಸ್. ರಾಣಾ ಪ್ರಕರಣ. ಕಾಂಗ್ರಾ ಕೇಂದ್ರ ಸಹಕಾರ ಬ್ಯಾಂಕ್ ಸಂವಿಧಾನದ 12ನೇ ವಿಧಿಯ ಅರ್ಥದಲ್ಲಿ 'ರಾಜ್ಯ' (ರಿಟ್‌ಗೆ ಸಾಮಾನ್ಯವಾಗಿ ಒಳಪಡುವ ಸರ್ಕಾರ ಅಥವಾ ಅದರ ಅಂಗಸಂಸ್ಥೆ) ಅಲ್ಲ ಎಂದು 2006ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಬರೀ 'ನನಗೆ ಅನ್ಯಾಯವಾಗಿದೆ' ಎಂದು ಬರೆದ ಅರ್ಜಿ ಇದರ ಮುಂದೆ ನಿಲ್ಲುವುದು ಕಷ್ಟ. ಬ್ಯಾಂಕಿನ ಬೈಲಾ (ಒಳನಿಯಮ) ಮುರಿದಿದೆ ಎನ್ನುವುದಕ್ಕಿಂತ 1959ರ ಕಾಯ್ದೆ, 1960ರ ನಿಯಮಾವಳಿ ಅಥವಾ ನಿಬಂಧಕರ ಶಾಸನಬದ್ಧ ಆದೇಶ ಮುರಿದಿದೆ ಎಂದು ತೋರಿಸಬೇಕು. ನಿಬಂಧಕರನ್ನೂ ಪ್ರತಿವಾದಿಯಾಗಿ ಸೇರಿಸಬೇಕು.

ಗಟ್ಟಿ ಆಧಾರ ಹೆಚ್ಚಾಗಿ ಸಿಗುವುದು ಸಂದರ್ಶನದ ಅಂಕಪಟ್ಟಿಯಲ್ಲಿ. ಅಧಿಸೂಚನೆಗಳಲ್ಲಿ ಸಾಮಾನ್ಯವಾಗಿ ಕಾಣುವ ಲೆಕ್ಕ ಹೀಗಿದೆ: 200 ಅಂಕದ ಲಿಖಿತ ಪರೀಕ್ಷೆಯನ್ನು 85ಕ್ಕೆ ಇಳಿಸಿ, ಸಂದರ್ಶನಕ್ಕೆ 15 ಸೇರಿಸುತ್ತಾರೆ. ಕೇಳಲು 15 ಸಣ್ಣದು. ಆದರೆ ಲಿಖಿತದ ಒಂದು ಅಂಕದ ಬೆಲೆ ಇಲ್ಲಿ 0.425 ಮಾತ್ರ. ಸಂದರ್ಶನದಲ್ಲಿ ಒಬ್ಬರಿಗೆ 14, ಇನ್ನೊಬ್ಬರಿಗೆ 4 ಬಿದ್ದರೆ, ಆ ಹತ್ತರ ವ್ಯತ್ಯಾಸ ಲಿಖಿತದ ಇಪ್ಪತ್ಮೂರೂವರೆ ಅಂಕಕ್ಕೆ ಸಮ! ಲಿಖಿತದಲ್ಲಿ ಮೇಲಿದ್ದವರೆಲ್ಲ ಸಂದರ್ಶನದಲ್ಲಿ ಸಾಲಾಗಿ ನೆಲ ಕಚ್ಚಿದ್ದರೆ ಎರಡೂ ಅಂಕಗಳನ್ನು ಪಕ್ಕಪಕ್ಕ ಇಟ್ಟು ಒಂದೇ ಪುಟದ ಕೋಷ್ಟಕ ಮಾಡಿ ಲಗತ್ತಿಸಿ. ಹತ್ತು ಪುಟದ ಆರೋಪಕ್ಕಿಂತ ಅದು ಹೆಚ್ಚು ಮಾತಾಡುತ್ತದೆ.

ಪರೀಕ್ಷೆ ಮುಗಿದ ಮೇಲೆ ಸಂದರ್ಶನಕ್ಕೆ ಹೊಸದಾಗಿ ಕನಿಷ್ಠ ಅಂಕ ನಿಗದಿ ಮಾಡಿದ್ದರೆ ಅದೂ ಒಳ್ಳೆಯ ಆಧಾರ. ಮಂಜುಶ್ರೀ ಪ್ರಕರಣದಲ್ಲಿ (2008) ಸುಪ್ರೀಂ ಕೋರ್ಟ್ ಸಾರ್ವಜನಿಕ ನೇಮಕಾತಿಯಲ್ಲಿ ಇದನ್ನು ಒಪ್ಪಲಿಲ್ಲ. ನಡುವೆ ನಿಯಮ ಬದಲಿಸಬಾರದೆಂಬ ತತ್ವವನ್ನು 2024ರ ನವೆಂಬರಿನಲ್ಲಿ ಅದೇ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠವೂ ಎತ್ತಿಹಿಡಿದಿದೆ. ಕೀ ಉತ್ತರದ ತಕರಾರು ಮಾತ್ರ ಬಡಕಲು: ತಪ್ಪು ಕಣ್ಣಿಗೆ ರಾಚುವಂತಿರದಿದ್ದರೆ ಕೋರ್ಟ್ ಕೈಹಾಕುವುದಿಲ್ಲ.

ಅರ್ಜಿ ಬಿದ್ದುಹೋಗುವುದು ಬಹಳ ಸಲ ಸಣ್ಣ ಕಾರಣಕ್ಕೆ. ಆಯ್ಕೆಯಾದವರನ್ನು ಪ್ರತಿವಾದಿಗಳನ್ನಾಗಿ ಮಾಡದೆ ಅವರ ನೇಮಕ ರದ್ದುಮಾಡಿ ಎಂದು ಕೇಳುವಂತಿಲ್ಲ. ಅಧಿಸೂಚನೆಯಲ್ಲೇ ದೋಷ ಕಂಡಿದ್ದರೂ ಸುಮ್ಮನೆ ಪರೀಕ್ಷೆ ಬರೆದು, ಫೇಲಾದ ಮೇಲೆ ಪ್ರಶ್ನಿಸಿದರೆ ಸುಪ್ರೀಂ ಕೋರ್ಟಿನ 1995ರ ಮದನ್ ಲಾಲ್ ತೀರ್ಪು ಅಡ್ಡ ಬರುತ್ತದೆ. ರೋಸ್ಟರ್ (ಮೀಸಲಾತಿಯಂತೆ ಹುದ್ದೆ ಹಂಚುವ ಪಟ್ಟಿ) ತಪ್ಪಿದ್ದರೆ ಅರ್ಜಿ ಹಾಕುವ ಹಂತದಲ್ಲೇ ಲಿಖಿತ ಆಕ್ಷೇಪಣೆ ಕೊಟ್ಟು, ದಿನಾಂಕ ಹಾಕಿದ ಸ್ವೀಕೃತಿ ಇಟ್ಟುಕೊಳ್ಳಿ.

ಇಲಾಖೆಗೆ ಕೊಡುವ ದೂರಿನಿಂದ ಕೆಲಸ ಸಿಗದು. ಕಲಂ 64ರಡಿ ನಿಬಂಧಕರು ಸ್ವಪ್ರೇರಣೆಯಿಂದ ವಿಚಾರಣೆಗೆ ಆದೇಶಿಸಬಹುದು, ಆದೇಶಿಸಿದರೆ ಆ ವರದಿ ರಿಟ್‌ಗೆ ಬಲವಾದ ದಾಖಲೆ. ಇಲಾಖೆಯ ನಿಜವಾದ ಉಪಯೋಗ ಮಾಹಿತಿ ಹಕ್ಕಿನಲ್ಲಿದೆ. ಸರ್ಕಾರದಿಂದ ಗಣನೀಯ ಹಣಕಾಸು ಪಡೆಯದ ಸಹಕಾರ ಸಂಘ 'ಸಾರ್ವಜನಿಕ ಪ್ರಾಧಿಕಾರ' ಅಲ್ಲ ಎಂದು ಸುಪ್ರೀಂ ಕೋರ್ಟಿನ 2013ರ ತಲಪ್ಪಾಲಂ ತೀರ್ಪು ಹೇಳಿದ್ದರಿಂದ ಬ್ಯಾಂಕಿಗೆ ಹಾಕಿದ ಅರ್ಜಿ ವಾಪಸಾಗಬಹುದು. ಆದರೆ ನಿಬಂಧಕರು ಕಾನೂನಿನಡಿ ತರಿಸಿಕೊಳ್ಳಬಹುದಾದ ಮಾಹಿತಿಯನ್ನು ಅವರಿಂದ ಪಡೆಯಬಹುದು ಎಂದೂ ಅದೇ ತೀರ್ಪು ಹೇಳಿದೆ. ಆದ್ದರಿಂದ ಸಿಬ್ಬಂದಿ ಮಾದರಿಯ ಮಂಜೂರಾತಿ, ಹುದ್ದೆ ಭರ್ತಿಗೆ ಕೊಟ್ಟ ಅನುಮತಿ, ರೋಸ್ಟರ್ ವಹಿಯ ಪ್ರತಿಗಳನ್ನು ಅಲ್ಲೇ ಕೇಳಿ. 'ಎಲ್ಲ ದಾಖಲೆ ಕೊಡಿ' ಎಂದು ಬರೆದರೆ ಏನೂ ಬರುವುದಿಲ್ಲ.

ಮಧ್ಯಂತರ ತಡೆಯಾಜ್ಞೆ ಸಿಕ್ಕೇ ಸಿಗುತ್ತದೆಂದು ನಂಬಬೇಡಿ. 'ನೇಮಕಾತಿಯು ಅಂತಿಮ ತೀರ್ಪಿಗೆ ಒಳಪಟ್ಟಿರುತ್ತದೆ' ಎಂಬ ಒಂದು ಸಾಲಿನ ಆದೇಶವೂ ಬರಬಹುದು. ಆಗ ಆಯ್ಕೆಯಾದವರು ಕೌಂಟರಿನಲ್ಲಿ ಕೂತು ಸಂಬಳ ಎಣಿಸುತ್ತಿರುತ್ತಾರೆ. ಗೆದ್ದರೂ ನೇಮಕಾತಿ ಆದೇಶವೇ ಕೈಗೆ ಬರುತ್ತದೆ ಎಂದಲ್ಲ; ಸಂದರ್ಶನ ಅಥವಾ ಪರೀಕ್ಷೆ ಮತ್ತೆ ನಡೆಸಿ ಎಂಬಲ್ಲಿಗೆ ನಿಲ್ಲಬಹುದು. ಆ ಹೊತ್ತಿಗೆ ವಯೋಮಿತಿ ದಾಟುವ ಅಂಚಿನಲ್ಲಿದ್ದರೆ, ವಯೋಮಿತಿ ಸಡಿಲಿಕೆಯ ಕೋರಿಕೆಯನ್ನೂ ಮೊದಲ ಅರ್ಜಿಯಲ್ಲೇ ಬರೆಸಿ.