ಲಿನಕ್ಸ್‌ನಲ್ಲಿ ವಿಡಿಯೊ ಎಡಿಟಿಂಗ್: ವೈನ್, ವರ್ಚುಯಲ್‌ಬಾಕ್ಸ್, ಕೆಡೆನ್‌ಲೈವ್

ಗುಬ್ಬಿಯಲ್ಲಿ ಜಾತ್ರೆ, ನಾಮಕರಣಗಳ ವಿಡಿಯೊ ಮಾಡಿಕೊಡುವ ನಾನು, 8 ಜಿಬಿ ರ್‍ಯಾಮ್‌ನ ಹಳೆಯ ಲ್ಯಾಪ್‌ಟಾಪ್ ತೀರಾ ನಿಧಾನವಾದಾಗ ಲಿನಕ್ಸ್ ಹಾಕಿಕೊಂಡೆ. ಹಣ ಕೊಟ್ಟು ಕೊಂಡಿದ್ದ ಎಡಿಟಿಂಗ್ ತಂತ್ರಾಂಶವು ವಿಂಡೋಸ್‌ಗೆ ಮಾತ್ರ ಸೇರಿದ್ದರಿಂದ, ಅದನ್ನು ಉಳಿಸಿಕೊಳ್ಳಲು ಎರಡು ತಿಂಗಳು ಹೆಣಗಿ, ಕೊನೆಗೆ ಲಿನಕ್ಸ್‌ನಲ್ಲೇ ಓಡುವ ಉಚಿತ ಎಡಿಟಿಂಗ್ ತಂತ್ರಾಂಶ ಕೆಡೆನ್‌ಲೈವ್ ಹಿಡಿದೆ. ಮೊದಲೇ ಹಿಡಿಯಬೇಕಿತ್ತು.

ಮೊದಲು ಪ್ರಯತ್ನಿಸಿದ್ದು ವೈನ್, ಅಂದರೆ ವಿಂಡೋಸ್ ತಂತ್ರಾಂಶಗಳನ್ನು ಲಿನಕ್ಸ್‌ನಲ್ಲಿ ಓಡಿಸುವ ಸಾಧನ. ಅದು ತನ್ನೊಳಗೆ ವಿಂಡೋಸನ್ನು ಓಡಿಸುವುದಿಲ್ಲ. ತಂತ್ರಾಂಶವು ವಿಂಡೋಸ್‌ಗೆ ಸಲ್ಲಿಸುವ ಕೋರಿಕೆಗಳನ್ನು ಲಿನಕ್ಸ್‌ಗೆ ತಿಳಿಯುವಂತೆ ಬದಲಾಯಿಸಿ ಕೊಡುತ್ತದೆ. ಹಾಗಾಗಿ ಕತ್ತರಿಸುವುದು, ಜೋಡಿಸುವುದು ಸರಾಗವಾಗಿಯೇ ನಡೆಯಿತು. ಕೆಟ್ಟದ್ದು ಟೈಟಲ್ ಹಾಕುವಲ್ಲಿ. ‘ಗುಬ್ಬಿ ಚನ್ನಬಸವೇಶ್ವರ ಸ್ವಾಮಿ ರಥೋತ್ಸವ’ ಎಂಬ ನಾಲ್ಕು ಪದಗಳಲ್ಲಿ ಐದು ಒತ್ತಕ್ಷರಗಳಿವೆ; ಐದೂ ಕಡೆ ಒತ್ತು ಕೆಳಗಿಳಿಯದೆ ಪಕ್ಕದಲ್ಲಿ ಬಿಡಿ ಅಕ್ಷರವಾಗಿ ನಿಂತಿತು. ಆ ಎಡಿಟಿಂಗ್ ತಂತ್ರಾಂಶಕ್ಕೆ ಯೂನಿಕೋಡ್ ಕನ್ನಡ (ಇಂದು ಮೊಬೈಲ್, ಅಂತರಜಾಲದಲ್ಲೆಲ್ಲ ಬಳಸುವ ಅಕ್ಷರ ಸಂಕೇತ) ಮೊದಲಿನಿಂದಲೂ ಬರುತ್ತಿರಲಿಲ್ಲವೆಂಬುದು ನನಗೆ ತಿಳಿದದ್ದೇ ಆಗ, ಏಕೆಂದರೆ ವಿಂಡೋಸ್‌ನಲ್ಲಿ ನಾನು ಆನ್ಸಿ ಫಾಂಟ್ (ಇಂಗ್ಲಿಷ್ ಅಕ್ಷರಗಳ ಸಂಕೇತಗಳಿಗೆ ಕನ್ನಡದ ಆಕಾರಗಳನ್ನು ಹೊಂದಿಸಿದ ಹಳೆಯ ಬಗೆಯ ಫಾಂಟ್) ಆರಿಸಿ, ಅದರದೇ ಕೀಲಿಮಣೆ ತಂತ್ರಾಂಶದಲ್ಲಿ ಟೈಪ್ ಮಾಡುತ್ತಿದ್ದೆ. ಆ ಕೀಲಿಮಣೆ ವೈನ್‌ನಲ್ಲಿ ಕೆಲಸ ಮಾಡಲಿಲ್ಲ.

ಯೂನಿಕೋಡ್‌ನಲ್ಲಿ ಬರೆದು, ಪರಿವರ್ತಕದಲ್ಲಿ ಆನ್ಸಿಗೆ ಬದಲಾಯಿಸಿ, ತಂದು ಅಂಟಿಸಿದೆ. ಒಂದು ದೀರ್ಘ ತಿದ್ದಬೇಕಾದರೂ ಮತ್ತೆ ಅದೇ ಸುತ್ತು. ಅದು ಬೇಡವೆಂದು ಟೈಟಲ್‌ಗಳನ್ನು ಇಂಕ್‌ಸ್ಕೇಪ್ ಎಂಬ ಚಿತ್ರ ಬಿಡಿಸುವ ತಂತ್ರಾಂಶದಲ್ಲಿ ಚಿತ್ರಗಳಾಗಿ ಮಾಡಿಕೊಂಡೆ. ಒಂದೇ ನಾಮಕರಣಕ್ಕೆ 17 ಚಿತ್ರಗಳಾದವು. ಸೋದರತ್ತೆಯ ಹೆಸರನ್ನು ಮನೆಯವರು ಮೂರು ಸಲ ತಿದ್ದಿಸಿದರು.

ಆಮೇಲೆ, ಲಿನಕ್ಸ್‌ನೊಳಗೇ ಇನ್ನೊಂದು ಕಂಪ್ಯೂಟರಿನಂತೆ ನಡೆಯುವ ವರ್ಚುಯಲ್‌ಬಾಕ್ಸ್‌ನೊಳಗೆ ವಿಂಡೋಸ್ ಹಾಕಿದಾಗ ಕೀಲಿಮಣೆಯ ತೊಡಕು ನೀಗಿತು. ಆದರೆ ಅರ್ಧ ರ್‍ಯಾಮ್ ಅದಕ್ಕೇ ಹೋಯಿತು, ಗ್ರಾಫಿಕ್ಸ್ ಕಾರ್ಡ್ ಅದಕ್ಕೆ ನೇರವಾಗಿ ದಕ್ಕದ್ದರಿಂದ ಪ್ರಿವ್ಯೂನಲ್ಲಿ ತೇರು ಮುಗ್ಗರಿಸುತ್ತ ಸಾಗಿತು. 16 ಜಿಬಿ ಇರುವವರು ಪ್ರಯತ್ನಿಸಬಹುದು.

ಕೆಡೆನ್‌ಲೈವ್‌ನಲ್ಲಿ ಅದೇ ರಥೋತ್ಸವದ ಸಾಲನ್ನು ಯೂನಿಕೋಡ್‌ನಲ್ಲಿ ನೇರವಾಗಿ ಟೈಪ್ ಮಾಡಿದೆ; ಒತ್ತುಗಳು ತಮ್ಮ ಜಾಗದಲ್ಲಿ ಕುಳಿತವು. ಲಿನಕ್ಸ್‌ನಲ್ಲಿ ಉಚಿತವಾಗಿ ಸಿಗುವ, ನಮ್ಮೂರಿನ ಹೆಸರೇ ಇರುವ ‘ಗುಬ್ಬಿ’ ಫಾಂಟನ್ನೇ ಆರಿಸಿದ್ದೆನೆಂಬುದು ಬೇರೆ ಮಾತು. ಪ್ರಾಕ್ಸಿ ಆಯ್ಕೆಯನ್ನು ತೆರೆದರೆ ದೊಡ್ಡ ಕ್ಲಿಪ್‌ಗಳ ಹಗುರ ಪ್ರತಿಗಳನ್ನು ಮಾಡಿಕೊಂಡು, ಎಡಿಟ್ ಮಾಡುವಾಗ ಅವನ್ನೇ ತೋರಿಸಿ, ರೆಂಡರ್ ಮಾಡುವಾಗ, ಅಂದರೆ ಕೊನೆಯ ವಿಡಿಯೊ ಫೈಲ್ ತಯಾರಿಸುವಾಗ, ಮೂಲ ಕ್ಲಿಪ್‌ಗಳನ್ನು ಬಳಸುವುದರಿಂದ 8 ಜಿಬಿ ನನಗೆ ಸಾಕಾಗಿದೆ. ನಡುವೆ ಎರಡು ಬಾರಿ ತಾನಾಗಿ ಮುಚ್ಚಿಕೊಂಡದ್ದುಂಟು. ಆಗಾಗ ಸೇವ್ ಮಾಡುವುದು ಈಗ ಕೈಗೆ ರೂಢಿಯಾಗಿದೆ.

ತಿಂಗಳಿಗೆ ಎರಡು ಮೂರು ಕೆಲಸ ಸಿಗುವ ನನಗೆ ಹೊಸ ಲ್ಯಾಪ್‌ಟಾಪ್ ಕೊಳ್ಳುವ ಶಕ್ತಿಯಿಲ್ಲ, ಟೈಟಲ್ ಇಲ್ಲದೆ ನನ್ನ ಯಾವ ವಿಡಿಯೊವೂ ಮುಗಿಯುವುದಿಲ್ಲ. ತುಮಕೂರಿನ ಸ್ಟುಡಿಯೊದವರು ಆ ಹಳೆಯ ತಂತ್ರಾಂಶದ ಪ್ರಾಜೆಕ್ಟ್ ಫೈಲ್ ಕಳಿಸಿದರೆ ಮಾತ್ರ ಕೆಡೆನ್‌ಲೈವ್ ಅದನ್ನು ತೆರೆಯಲಾರದು. ಅದಕ್ಕೆಂದೇ ಡಿಸ್ಕಿನ ಒಂದು ಮೂಲೆಯಲ್ಲಿ ವಿಂಡೋಸನ್ನು ಉಳಿಸಿಕೊಂಡಿದ್ದೇನೆ.